ಬಾನುಲಿಯ ದಿನಚರಿ

ಮನೆಯಲ್ಲಿ ಗಡಿಯಾರವಿಲ್ಲದ ಕಾಲದಲ್ಲಿ ನಮ್ಮ ಹಿರಿಯರು ಅಂಗಳದ ನೆರಳನ್ನು ನೋಡಿ ಹೊತ್ತನ್ನು ಅಳೆಯುತ್ತಿದ್ದರು. ಗಡಿಯಾರವು ಬಂದ ಮೇಲೆ ಅದಕ್ಕೆ ಕೀಲಿ ಕೊಡುವ ಕೆಲಸವು ಯಜಮಾನರ ಪಾಲಿಗೆ ಬಂದಿತು. ಅವರು ಮರೆತ ದಿನ ಮನೆಯ ಕಾಲವೇ ನಿಂತುಹೋಗುತ್ತಿದ್ದಿತು. ಆ ಬಳಿಕ ಬಂದದ್ದು ರೇಡಿಯೋ. ಅದಕ್ಕೆ ನೆರಳೂ ಬೇಕಿರಲಿಲ್ಲ, ಕೀಲಿಯೂ ಬೇಕಿರಲಿಲ್ಲ. 1974ರಲ್ಲಿ ಸಂಸ್ಕೃತ ವಾರ್ತೆಯು ಆರಂಭವಾದ ಮೇಲಂತೂ, ಆ ಭಾಷೆಯ ಒಂದು ವಿಭಕ್ತಿಯನ್ನೂ ಅರಿಯದ ಗೃಹಿಣಿಯರು ‘ಸಂಪ್ರತಿ ವಾರ್ತಾಃ ಶ್ರೂಯಂತಾಂ’ ಎಂಬ ಮಾತು ಕಿವಿಗೆ ಬಿದ್ದೊಡನೆ ಏಳು ಗಂಟೆಗೆ ಐದೇ ನಿಮಿಷ ಉಳಿದಿದೆಯೆಂದು ತಿಳಿದು ಮಕ್ಕಳನ್ನು ಎಬ್ಬಿಸುತ್ತಿದ್ದರು. ದೇವಭಾಷೆಗೆ ಇಷ್ಟೊಂದು ಲೌಕಿಕವಾದ ಉಪಯೋಗವು ಹಿಂದೆ ಎಂದೂ ಒದಗಿರಲಾರದು.

ಈ ಪುಟದಲ್ಲಿ ನಾವು ಗೃಹದ ಬಳಕೆಯ ವಸ್ತುಗಳ ಪೂರ್ವೋತ್ತರವನ್ನು ಆಗಾಗ ವಿಚಾರಿಸುತ್ತ ಬಂದಿದ್ದೇವೆ. ಇಂದು ವಿಚಾರಿಸಬೇಕೆಂದಿರುವುದು ರೇಡಿಯೋ ಪೆಟ್ಟಿಗೆಯನ್ನಲ್ಲ, ಅದರಿಂದ ಹೊರಬರುವ ಕಾರ್ಯಕ್ರಮವನ್ನು. ಈ ಪದವನ್ನು ನಾವು ಬಹು ಹಗುರವಾಗಿ ಬಳಸುತ್ತೇವೆ. ಆದರೆ ಅದರಲ್ಲಿ ಕಾರ್ಯವೂ ಇದೆ, ಕ್ರಮವೂ ಇದೆ. ಹಾಡುವವರು, ಮಾತನಾಡುವವರು ಮಾಡುವುದು ಕಾರ್ಯ. ಯಾವುದು ಮೊದಲು, ಯಾವುದು ಆಮೇಲೆ, ಯಾರಿಗಾಗಿ, ಯಾವ ಭಾಷೆಯಲ್ಲಿ, ಎಷ್ಟು ಹೊತ್ತು ಎಂದು ಗೊತ್ತುಮಾಡುವುದು ಕ್ರಮ. ಈ ಕ್ರಮವನ್ನು ಗೊತ್ತುಮಾಡುವ ಅಧಿಕಾರವು ಯಾರ ಕೈಯಲ್ಲಿದ್ದಿತೆಂಬುದೇ ಬಾನುಲಿಯ ನಿಜವಾದ ಚರಿತ್ರೆಯೆಂದು ನಮಗೆ ತೋರುತ್ತದೆ.

ಬೆಂಗಳೂರಿನಲ್ಲಿಯೋ ಮೈಸೂರಿನಲ್ಲಿಯೋ ಕುಳಿತು ಈ ಚರಿತ್ರೆಯನ್ನು ಬರೆಯುವವರಿಗೆ ಅದು ಒಂದು ನೇರವಾದ ದಾರಿಯಂತೆ ಕಾಣುವುದು. ಚಿಂಚೋಳಿ ತಾಲೂಕಿನ ಸುಲೇಪೇಟದಿಂದ ನೋಡಿದರೆ ಹಾಗಲ್ಲ. ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿ—ಇವೆಲ್ಲವೂ 1948ರ ಸೆಪ್ಟೆಂಬರಿನವರೆಗೆ ನಿಜಾಮರ ಹೈದರಾಬಾದ ಸಂಸ್ಥಾನಕ್ಕೆ ಸೇರಿದ್ದವು. ಅನಂತರ ಎಂಟು ವರ್ಷ ಹೈದರಾಬಾದ ರಾಜ್ಯದಲ್ಲಿಯೇ ಇದ್ದು, 1956ರ ನವೆಂಬರ್ 1ರಂದು ಮೈಸೂರು ರಾಜ್ಯವನ್ನು ಸೇರಿದವು. ಇಲ್ಲಿಯ ಪೇಟೆಯಲ್ಲಿ ಕನ್ನಡ, ಉರ್ದು, ತೆಲುಗುಗಳು ಒಂದೇ ತಕ್ಕಡಿಯಲ್ಲಿ ತೂಗುತ್ತವೆ. ತಾಂಡೆಗಳಲ್ಲಿ ಲಂಬಾಣಿ, ಸ್ವಲ್ಪ ಉತ್ತರಕ್ಕೆ ಹೋದರೆ ಮರಾಠಿ. ಇಂತಹ ಸ್ಥಳದಲ್ಲಿ ರೇಡಿಯೋದ ಗುಂಡಿಯನ್ನು ತಿರುಗಿಸುವುದೆಂದರೆ, ಯಾವ ಊರನ್ನು ನಮ್ಮ ಊರೆನ್ನಬೇಕೆಂಬ ಪ್ರಶ್ನೆಗೆ ಪ್ರತಿದಿನವೂ ಉತ್ತರ ಕೊಟ್ಟಂತೆ.

ಮೊದಲಿಗೆ ಸ್ವಲ್ಪ ಹೊರಗಿನ ಸಮಾಚಾರ. ಅಮೆರಿಕದ ಪಿಟ್ಸ್‌ಬರ್ಗ್ ಪಟ್ಟಣದ ಕೇಂದ್ರವು 1920ರ ನವೆಂಬರ್ 2ರಂದು ಅಧ್ಯಕ್ಷರ ಚುನಾವಣೆಯ ಫಲಿತಾಂಶಗಳನ್ನು ಸಾರಿದಾಗ ನಿಯತವಾದ ಪ್ರಸಾರಕ್ಕೆ ಆರಂಭವಾಯಿತೆಂದು ಲೆಕ್ಕ ಹಾಕುತ್ತಾರೆ. ಲಂಡನ್ನಿನ ಬಿ.ಬಿ.ಸಿ. ಆರಂಭವಾದುದು 1922ರಲ್ಲಿ. ಅಮೆರಿಕದಲ್ಲಿ ಸಾಬೂನು ಮಾರುವವರೂ ಹಲ್ಲುಪುಡಿ ಮಾರುವವರೂ ಹಣ ಕೊಟ್ಟು ತಮಗೆ ಬೇಕಾದ ಆಟವನ್ನು ಆಡಿಸಿದರು. ಇಂಗ್ಲೆಂಡಿನಲ್ಲಿ ಕೇಳುವವರಿಂದ ಲೈಸೆನ್ಸಿನ ಹಣವನ್ನು ಪಡೆದು, ಅವರಿಗೆ ಯಾವುದು ಹಿತವೆಂದು ತಿಳಿದವರು ತೀರ್ಮಾನಿಸಿದರು. ಜನಕ್ಕೆ ಇಷ್ಟವಾದುದನ್ನು ಕೊಡಬೇಕೇ, ಜನಕ್ಕೆ ಹಿತವಾದುದನ್ನು ಕೊಡಬೇಕೇ ಎಂಬ ವ್ಯಾಜ್ಯವು ಅಂದು ಹುಟ್ಟಿತು. ಅದು ಇನ್ನೂ ಇತ್ಯರ್ಥವಾಗಿಲ್ಲ.

ನಮ್ಮ ದೇಶದಲ್ಲಿ 1923ರಲ್ಲಿ ಮುಂಬಯಿಯ ರೇಡಿಯೋ ಕ್ಲಬ್ಬಿನವರೂ 1924ರಲ್ಲಿ ಸಿ.ವಿ. ಕೃಷ್ಣಸ್ವಾಮಿ ಚೆಟ್ಟಿಯವರ ಉತ್ಸಾಹದಿಂದ ಮದರಾಸಿನ ಕ್ಲಬ್ಬಿನವರೂ ಹವ್ಯಾಸಕ್ಕಾಗಿ ಪ್ರಸಾರ ಮಾಡಿದರು. 1927ರ ಜುಲೈ 23ರಂದು ಇಂಡಿಯನ್ ಬ್ರಾಡ್‌ಕಾಸ್ಟಿಂಗ್ ಕಂಪನಿಯು ಮುಂಬಯಿಯಲ್ಲಿ ಕೇಂದ್ರವನ್ನು ತೆರೆಯಿತು. ಆಗಸ್ಟಿನಲ್ಲಿ ಕಲಕತ್ತೆಯಲ್ಲಿ ಇನ್ನೊಂದು. ವರ್ಷಕ್ಕೆ ಹತ್ತು ರೂಪಾಯಿ ಲೈಸೆನ್ಸು. ಆ ಕಂಪನಿಯವರು ಯೂರೋಪಿಯನ್ನರಿಗೂ ಪಟ್ಟಣದ ಧನಿಕರಿಗೂ ಬೇಕಾದುದನ್ನೇ ಹೆಚ್ಚಾಗಿ ಕೊಟ್ಟುದರಿಂದ, ಹಣ ಕೊಡುವವರು ಕೆಲವೇ ಸಾವಿರ ಮಂದಿಯಾದರು. 1930ರ ಮಾರ್ಚಿನಲ್ಲಿ ಕಂಪನಿಯು ಬಾಗಿಲು ಹಾಕಿತು. ಏಪ್ರಿಲ್‌ನಿಂದ ಸರ್ಕಾರವೇ ಅದನ್ನು ವಹಿಸಿಕೊಂಡಿತು. 1936ರ ಜೂನ್ 8ರಿಂದ ಅದಕ್ಕೆ ಆಲ್ ಇಂಡಿಯಾ ರೇಡಿಯೋ ಎಂಬ ಹೆಸರಾಯಿತು. ಕೇಳುವವರು ಯಾರೆಂದು ವಿಚಾರಿಸದೆ ಕಾರ್ಯಕ್ರಮ ಹಾಕಿದರೆ ಏನಾಗುವುದೆಂಬುದಕ್ಕೆ ಈ ಕಂಪನಿಯು ಮೊದಲನೆಯ ನಿದರ್ಶನ.

ಕನ್ನಡಕ್ಕೆ ಬಾನುಲಿ ಬಂದ ಬಗೆಯು ಇದಕ್ಕಿಂತ ಬಹಳ ಚೆನ್ನಾಗಿದೆ. ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಎಂ.ವಿ. ಗೋಪಾಲಸ್ವಾಮಿಯವರು 1935ರ ಸೆಪ್ಟೆಂಬರ್ 10ರಂದು ತಮ್ಮ ‘ವಿಠ್ಠಲ ವಿಹಾರ’ವೆಂಬ ಮನೆಯಲ್ಲಿಯೇ ಪ್ರಸಾರವನ್ನು ಆರಂಭಿಸಿದರು. ಪ್ರೇಷಕಯಂತ್ರದ ಶಕ್ತಿ 30 ವಾಟ್! ನಮ್ಮ ಪಡಸಾಲೆಯಲ್ಲಿ ಉರಿಯುತ್ತಿದ್ದ ಹಳೆಯ ಕಾಲದ ಬಲ್ಬೂ ಇದಕ್ಕಿಂತ ಹೆಚ್ಚು ವಿದ್ಯುತ್ತನ್ನು ತಿನ್ನುತ್ತಿದ್ದಿತು. ಹೊರರಾಜ್ಯದ ಕಂಪನಿಯೊಂದು ಲಕ್ಷಗಟ್ಟಲೆ ಬಂಡವಾಳದಿಂದ ಸಾಧಿಸಲಾರದುದನ್ನು ಒಬ್ಬ ಉಪಾಧ್ಯಾಯರು ಸ್ವಂತ ಮನೆಯಲ್ಲಿ, ಮಿತ್ರರ ಸಹಾಯದಿಂದ ನಡೆಸಿದರು. ಊರಿನ ಸಂಗೀತಗಾರರು ಬಂದು ಹಾಡಿದರು, ಪಂಡಿತರು ಬಂದು ಮಾತನಾಡಿದರು, ನಾಟಕದವರು ಬಂದು ಆಡಿದರು. ಅಂದು ಧ್ವನಿಯನ್ನು ಹಿಡಿದಿಡುವ ಟೇಪು ಇನ್ನೂ ಬಂದಿರಲಿಲ್ಲವಾದುದರಿಂದ ಎಲ್ಲವೂ ನೇರವಾಗಿಯೇ ಆಗಬೇಕಾಗಿತ್ತು. ಹಾಡುವವರಿಗೆ ಕೆಮ್ಮು ಬಂದರೆ ಆ ಕೆಮ್ಮೂ ಪ್ರಸಾರವಾಗುತ್ತಿತ್ತು. ಆ ಕೇಂದ್ರಕ್ಕೆ ‘ಆಕಾಶವಾಣಿ’ ಎಂಬ ಹೆಸರಾಯಿತು. ಅದನ್ನು ಸೂಚಿಸಿದವರು ಗೋಪಾಲಸ್ವಾಮಿಯವರೇ ಎಂದು ಕೆಲವರೂ, ಅವರೊಡನಿದ್ದ ನಾ. ಕಸ್ತೂರಿಯವರು ಎಂದು ಕೆಲವರೂ ಹೇಳುತ್ತಾರೆ. ಮಗುವಿಗೆ ಹೆಸರಿಟ್ಟವರು ಸೋದರತ್ತೆಯೋ ಅಜ್ಜಿಯೋ ಎಂದು ಮನೆಯಲ್ಲಿ ನಡೆಯುವ ಚರ್ಚೆಯಂತೆ ಇದು; ಹೆಸರಂತೂ ಮೈಸೂರಿನದು. 1942ರ ಆರಂಭದಲ್ಲಿ ಸಂಸ್ಥಾನದ ಸರ್ಕಾರವು ಕೇಂದ್ರವನ್ನು ತನ್ನದಾಗಿ ಮಾಡಿಕೊಂಡಿತು.

ಆದರೆ ಸುಲೇಪೇಟದವರಿಗೆ ಮೈಸೂರಿನ ಧ್ವನಿ ಕೇಳಿಸುವಂತಿರಲಿಲ್ಲ. ಮೈಸೂರು ಐದುನೂರು ಕಿಲೋಮೀಟರಿಗೂ ಆಚೆ, ಹೈದರಾಬಾದವು ಅದರ ನಾಲ್ಕನೆಯ ಒಂದು ಭಾಗದಷ್ಟು ದೂರ. ಅಲ್ಲಿ ಖಾಸಗಿಯಾಗಿ ಆರಂಭವಾಗಿದ್ದ ಸಣ್ಣ ಕೇಂದ್ರವೊಂದನ್ನು ನಿಜಾಮ ಸರ್ಕಾರವು 1935ರಲ್ಲಿ ವಹಿಸಿಕೊಂಡು, ಡೆಕ್ಕನ್ ರೇಡಿಯೋ ಎಂಬ ಹೆಸರಿನಿಂದ ನಡೆಸಿತು. ಕನ್ನಡದ ಮನೆಯಲ್ಲಿ ಮೈಸೂರಿನ ಪ್ರಾಧ್ಯಾಪಕರು ಯಂತ್ರವನ್ನು ಹೂಡಿದ ವರ್ಷವೂ ಅದೇ. ಸಂಸ್ಥಾನದ ಪ್ರಜೆಗಳಲ್ಲಿ ಸುಮಾರು ಅರ್ಧ ಮಂದಿ ತೆಲುಗರು, ಕಾಲು ಭಾಗ ಮರಾಠಿಗರು, ಹತ್ತರಲ್ಲೊಬ್ಬರಿಗಿಂತ ತುಸು ಹೆಚ್ಚು ಮಂದಿ ಕನ್ನಡಿಗರು. ಕಾರ್ಯಕ್ರಮದಲ್ಲಿ ಮಾತ್ರ ಉರ್ದುವಿಗೆ ಸಿಂಹಪಾಲು; ಮಿಕ್ಕ ಭಾಷೆಗಳಿಗೆ ಉಳಿದ ಚೂರುಪಾರು. ಕಚೇರಿ, ನ್ಯಾಯಾಲಯ, ಮೇಲಿನ ಶಾಲೆ ಎಲ್ಲವೂ ಉರ್ದುವಿನಲ್ಲಿದ್ದಾಗ ಬಾನುಲಿ ಬೇರೆಯಾಗಿರುವುದು ಹೇಗೆ? ಆ ಭಾಷೆಯ ಸೊಗಸನ್ನು ನಾವು ಅಲ್ಲಗಳೆಯುವುದಿಲ್ಲ. ನಮ್ಮ ಕಡೆಯ ಹಿರಿಯರಲ್ಲಿ ಕನ್ನಡದಷ್ಟೇ ಸಲೀಸಾಗಿ ಅದನ್ನು ಬಲ್ಲವರು ಬಹು ಮಂದಿ ಇದ್ದರು. ಗಜಲುಗಳ ರುಚಿ ಈ ನೆಲಕ್ಕೆ ಹತ್ತಿದುದು ಹಾಗೆಯೇ. ಆದರೂ ಮನೆಯ ಮಾತು ಪೆಟ್ಟಿಗೆಯಿಂದ ಕೇಳಿಬರದೆ ಇದ್ದಾಗ, ಆ ಪೆಟ್ಟಿಗೆ ಅತಿಥಿಯಾಗಿಯೇ ಉಳಿಯುವುದು.

ಇಲ್ಲಿ ವಾಚಕರಿಗೆ ಒಂದು ಶಾಸ್ತ್ರವಿಷಯವನ್ನು ತಿಳಿಸಬೇಕು. ಮಧ್ಯಮ ತರಂಗವೆಂಬ ಅಲೆಗಳು ಹಗಲಿನಲ್ಲಿ ನೆಲವನ್ನು ಹಿಡಿದುಕೊಂಡು ಸಾಗುತ್ತವೆ. ಆದುದರಿಂದ ದೂರ ಹೋದಂತೆಲ್ಲ ಸೊರಗುತ್ತವೆ. ಆಕಾಶದ ಕಡೆ ಏರಿದ ಅಲೆಗಳನ್ನು ಹಗಲಿನಲ್ಲಿ, ಬಿಸಿಲಿನಿಂದ ಉಂಟಾದ ವಿದ್ಯುತ್ಕಣಗಳ ಕೆಳಪದರವು ಹೀರಿಬಿಡುತ್ತದೆ. ಸೂರ್ಯಾಸ್ತವಾದ ಮೇಲೆ ಆ ಪದರವು ಕರಗಿ, ಇನ್ನೂ ಎತ್ತರದಲ್ಲಿರುವ ಪದರವು ಕನ್ನಡಿಯಂತೆ ಅಲೆಗಳನ್ನು ಭೂಮಿಗೆ ಹಿಂದಿರುಗಿಸುತ್ತದೆ. ಆದುದರಿಂದಲೇ ಹಗಲೆಲ್ಲ ಒಂದೇ ಕೇಂದ್ರ ಹಿಡಿಯುತ್ತಿದ್ದ ರೇಡಿಯೋದಲ್ಲಿ ರಾತ್ರಿ ಊಟದ ವೇಳೆಗೆ ನಾಡಿನ ಹಲವು ಮೂಲೆಗಳು ಗುಜುಗುಜು ಎನ್ನುತ್ತ ಕೂಡಿಕೊಳ್ಳುತ್ತಿದ್ದವು. ಮಾಳಿಗೆಯ ಮೇಲೆ ಎರಡು ಕೋಲುಗಳನ್ನು ನೆಟ್ಟು ಅವುಗಳ ನಡುವೆ ತಂತಿಯನ್ನು ಎಳೆದು, ಕೆಳಗೆ ಒಬ್ಬರು ಕಿವಿಗೊಟ್ಟು, ಮೇಲೆ ಒಬ್ಬರು ತಂತಿಯನ್ನು ತಿರುಗಿಸುತ್ತಿದ್ದ ಸಡಗರವನ್ನು ಬಲ್ಲವರು ಇಂದೂ ಇದ್ದಾರೆ. ಸೇಡಮ್ಮಿಗೆ ಸಮೀಪದ ಮಳಖೇಡವು ರಾಷ್ಟ್ರಕೂಟರ ರಾಜಧಾನಿಯಾಗಿದ್ದಾಗ ಹುಟ್ಟಿದ ಕವಿರಾಜಮಾರ್ಗವು ಕನ್ನಡನಾಡಿನ ಎಲ್ಲೆಯನ್ನು ಕಾವೇರಿಯಿಂದ ಗೋದಾವರಿಯವರೆಗೆಂದು ಹೇಳುತ್ತದೆ. ಬಾನುಲಿಗೆ ಆ ಎಲ್ಲೆಯು ರಾತ್ರಿಯಲ್ಲಿ ಮಾತ್ರ ನಿಜವಾಗುತ್ತಿದ್ದಿತೆಂದು ಹೇಳಬಹುದು.

ಬಾನುಲಿಯು ಬರಿಯ ವಿನೋದವಲ್ಲವೆಂಬುದನ್ನು ಹೈದರಾಬಾದದ ಜನರಿಗೆ ತಿಳಿಸಿದ್ದು 1948ರ ಸೆಪ್ಟೆಂಬರ್ ತಿಂಗಳು. ಆ ಹಿಂದಿನ ವರ್ಷವೆಲ್ಲ ರಜಾಕಾರರ ಹಾವಳಿ, ಊರು ಬಿಟ್ಟು ಗಡಿಯಾಚೆಗೆ ಹೋದವರ ಬವಣೆ, ಗಾಳಿಮಾತುಗಳ ಸುಗ್ಗಿ. ಸೆಪ್ಟೆಂಬರ್ 13ರಂದು ಭಾರತದ ಸೈನ್ಯವು ಸಂಸ್ಥಾನವನ್ನು ಪ್ರವೇಶಿಸಿತು. 17ರಂದು ಕದನವಿರಾಮವು ಘೋಷಿತವಾಯಿತು. 23ರಂದು ನಿಜಾಮರು ಬಾನುಲಿಯಲ್ಲಿ ಮಾತನಾಡಿ ವಿಶ್ವಸಂಸ್ಥೆಗೆ ಕೊಟ್ಟ ದೂರನ್ನು ಹಿಂತೆಗೆದುಕೊಂಡುದಾಗಿ ತಿಳಿಸಿದರು. ಇಂತಹ ದಿನಗಳಲ್ಲಿ ಊರಿಗೊಂದು ರೇಡಿಯೋ ಇದ್ದರೆ ಅದರ ಯಜಮಾನನ ಕಟ್ಟೆಯೇ ಚಾವಡಿಯಾಗುವುದು. ಸತ್ಯವಾದ ಒಂದು ವಾಕ್ಯಕ್ಕಾಗಿ ಜನರು ಎಷ್ಟು ಹೊತ್ತು ಕಾಯಬಲ್ಲರೆಂಬುದನ್ನು ಅಳೆಯುವ ಅಳತೆ ನಮ್ಮಲ್ಲಿಲ್ಲ. 1942ರಲ್ಲಿ ಉಷಾ ಮೆಹತಾ ಮುಂತಾದವರು ಮುಂಬಯಿಯಲ್ಲಿ ಗುಟ್ಟಾಗಿ ನಡೆಸಿದ ಕಾಂಗ್ರೆಸ್ ರೇಡಿಯೋವು ಮೂರು ತಿಂಗಳೂ ಬಾಳಲಿಲ್ಲ. ಆದರೂ ಅದನ್ನು ಹಿಡಿಯಲು ಸರ್ಕಾರವು ಪಟ್ಟ ಶ್ರಮವೇ ಅದರ ಬೆಲೆಯನ್ನು ಹೇಳುತ್ತದೆ.

1950ರ ಏಪ್ರಿಲ್ 1ರಂದು ಡೆಕ್ಕನ್ ರೇಡಿಯೋವು ಆಲ್ ಇಂಡಿಯಾ ರೇಡಿಯೋದಲ್ಲಿ ಸೇರಿಹೋಯಿತು. ಅದೇ ವರ್ಷದ ಜನವರಿ 8ರಂದು ಧಾರವಾಡದ ಕೇಂದ್ರವು ಆರಂಭವಾಗಿತ್ತು. ಹುಬ್ಬಳ್ಳಿ ಧಾರವಾಡಗಳ ಗಾಯಕರು ಹಾಡಲು ಮುಂಬಯಿಗೆ ಹೋಗಬೇಕಾಗಿದ್ದ ಕಾಲವು ಅಲ್ಲಿಗೆ ಮುಗಿಯಿತು. ಮಲ್ಲಿಕಾರ್ಜುನ ಮನಸೂರರಂತಹವರು ಮುಂದೆ ಆ ಕೇಂದ್ರಕ್ಕೆ ಸಂಗೀತದ ಸಲಹೆಗಾರರಾದರು. ನಾಟಕಕ್ಕೆ ಎನ್ಕೆ ಅವರಂತಹ ಬರೆಹಗಾರರು ದೊರೆತರು. ಬಾನುಲಿ ನಾಟಕವೆಂಬುದು ಕನ್ನಡದಲ್ಲಿ ಒಂದು ಪ್ರತ್ಯೇಕ ಕಲೆಯಾಗಿ ಬೆಳೆದುದು ಇಂತಹ ಕೇಂದ್ರಗಳಲ್ಲಿ. ರಂಗದ ಮೇಲೆ ಪರದೆ ಏರಬೇಕು, ಬಣ್ಣ ಬಳಿಯಬೇಕು. ಇಲ್ಲಿ ಬಾಗಿಲು ಕಿರುಗುಟ್ಟಿದ ಸದ್ದೊಂದರಿಂದ ಮನೆಯೇ ಎದ್ದು ನಿಲ್ಲುವುದು. ಮೈಸೂರಿನ ಕೇಂದ್ರವು 1955ರ ನವೆಂಬರಿನಲ್ಲಿ ಬೆಂಗಳೂರಿಗೆ ಹೋಯಿತು. ‘ಆಕಾಶವಾಣಿ’ ಎಂಬ ಹೆಸರು ಮಾತ್ರ ಬೆಂಗಳೂರಿನಲ್ಲಿ ನಿಲ್ಲದೆ ದೆಹಲಿಗೇ ಹೋಗಿ ಇಡೀ ದೇಶದ ಬಾನುಲಿಯ ಹೆಸರಾಯಿತು.

ಈ ಕಾಲದಲ್ಲಿ ಕಾರ್ಯಕ್ರಮಗಳ ಪಟ್ಟಿಯನ್ನು ತೆಗೆದು ನೋಡಿದರೆ ನಮಗೆ ಅದು ಒಂದು ಸಂಸಾರದ ದಿನಚರಿಯಂತೆಯೇ ಕಾಣುತ್ತದೆ. ಬೆಳಗಿನ ಜಾವ ನಾದಸ್ವರ ಅಥವಾ ಶಹನಾಯಿ, ಬಳಿಕ ಭಕ್ತಿಗೀತೆ—ಮನೆಯವರು ಏಳುವ ಹೊತ್ತು. ಅನಂತರ ವಾರ್ತೆ—ಯಜಮಾನರು ಹೊರಡುವ ಹೊತ್ತು. ಮಧ್ಯಾಹ್ನ ಮಹಿಳೆಯರ ಕಾರ್ಯಕ್ರಮ—ಮುಸುರೆ ತಿಕ್ಕಿ ಮುಗಿದ ಹೊತ್ತು. ಸಂಜೆ ರೈತರಿಗೆ ಸಲಹೆ—ಎತ್ತು ಕೊಟ್ಟಿಗೆಗೆ ಬಂದ ಹೊತ್ತು. ರಾತ್ರಿ ಭಾಷಣ, ನಾಟಕ, ರಾಗದ ವಿಸ್ತಾರ—ಮಕ್ಕಳು ಮಲಗಿದ ಹೊತ್ತು. ಭಾನುವಾರ ಮಕ್ಕಳಿಗೆ. ಗೃಹಸ್ಥನ ದಿನವನ್ನು ಅಚ್ಚಿನಲ್ಲಿ ಎರಕಹೊಯ್ದಂತೆ ಇದನ್ನು ಮಾಡಿದವರು ಯಾರೋ, ಅವರಿಗೆ ಮನೆ ಎಂದರೆ ಏನೆಂಬುದು ಗೊತ್ತಿತ್ತು. ಆದರೆ ಮಧ್ಯಾಹ್ನ ವಾಡಿಯ ಸಿಮೆಂಟಿನ ಕಾರ್ಖಾನೆಯಲ್ಲಿ ಪಾಳಿಯ ಕೆಲಸ ಮಾಡುವವನಿಗೂ, ಶಹಾಬಾದದ ಕಲ್ಲಿನ ಗಣಿಯಲ್ಲಿ ದುಡಿಯುವ ಹೆಂಗಸಿಗೂ ಆ ದಿನಚರಿಯಲ್ಲಿ ಹೊತ್ತೇ ಇರಲಿಲ್ಲವೆಂಬುದನ್ನೂ ಹೇಳಬೇಕು.

ಇಷ್ಟ ಹಿತಗಳ ವ್ಯಾಜ್ಯವು ನಮ್ಮ ದೇಶದಲ್ಲಿ ಬಿರುಸಾಗಿ ನಡೆದುದು ಬಿ.ವಿ. ಕೇಸ್ಕರರು ಮಂತ್ರಿಗಳಾಗಿದ್ದ 1952ರಿಂದ 1962ರವರೆಗಿನ ಅವಧಿಯಲ್ಲಿ. ಶಾಸ್ತ್ರೀಯ ಸಂಗೀತವನ್ನು ಉದ್ಧರಿಸಬೇಕೆಂಬುದು ಅವರ ಸಂಕಲ್ಪ. 1952ರಲ್ಲಿ ರಾಷ್ಟ್ರೀಯ ಸಂಗೀತ ಕಾರ್ಯಕ್ರಮವು ಆರಂಭವಾಯಿತು. ರಾಜಾಶ್ರಯ ತಪ್ಪಿದ ಎಷ್ಟೋ ವಿದ್ವಾಂಸರ ಮನೆಯಲ್ಲಿ ಒಲೆ ಉರಿದುದು ಬಾನುಲಿಯ ಸಂಭಾವನೆಯಿಂದ. ಈ ಉಪಕಾರವನ್ನು ಮರೆಯಲಾಗದು. ಅದೇ ಕೈಯಿಂದ ಅವರು ಚಲಚ್ಚಿತ್ರಗೀತೆಗಳನ್ನು ಹೊರಗಿಟ್ಟರು. ಜನರು ಏನು ಮಾಡಿದರು? ರೇಡಿಯೋವನ್ನು ಮುಚ್ಚಲಿಲ್ಲ, ಗುಂಡಿಯನ್ನು ತಿರುಗಿಸಿದರು. ಸಿಂಹಳದ ರೇಡಿಯೋ ಸಿಲೋನಿನಿಂದ 1952ರ ಕೊನೆಯಲ್ಲಿ ಆರಂಭವಾದ ಬಿನಾಕಾ ಗೀತಮಾಲೆಯನ್ನು ಕೇಳಲು ಬುಧವಾರ ರಾತ್ರಿ ಎಂಟು ಗಂಟೆಗೆ ದೇಶವೇ ಕಾದು ಕುಳಿತಿತು. ಅಮೀನ್ ಸಯಾನಿಯವರ ಕಂಠವು ಟೂತ್‌ಪೇಸ್ಟಿನ ಹೆಸರಿನೊಡನೆ ಮನೆಮನೆಯನ್ನು ಹೊಕ್ಕಿತು. ಕೊನೆಗೆ 1957ರ ಅಕ್ಟೋಬರ್ 3ರಂದು ಸರ್ಕಾರವೇ ವಿವಿಧಭಾರತಿಯನ್ನು ತೆರೆದು ರಾಜಿಯಾಯಿತು. 1967ರಿಂದ ಅದರಲ್ಲಿ ಜಾಹೀರಾತುಗಳೂ ಬಂದವು.

ಇದಕ್ಕಿಂತ ವಿಚಿತ್ರವಾದುದು ಹಾರ್ಮೋನಿಯಂ ಪೆಟ್ಟಿಗೆಯ ಕಥೆ. ಭಾರತೀಯ ಸಂಗೀತದ ಗಮಕಗಳಿಗೆ ಅದು ಒಗ್ಗದೆಂದು 1940ರ ಮಾರ್ಚ್ 1ರಿಂದ ಅದನ್ನು ಬಾನುಲಿಯಿಂದ ಬಹಿಷ್ಕರಿಸಿದರು. ಸುಮಾರು ಮೂವತ್ತು ವರ್ಷ ಆ ನಿಷೇಧವು ನಡೆಯಿತು. ಪಂಡಿತರ ವಾದದಲ್ಲಿ ಹುರುಳಿಲ್ಲವೆಂದು ನಾವು ಹೇಳಲಾರೆವು. ಆದರೆ ನಮ್ಮ ಸೀಮೆಯ ಭಜನೆಯ ಮೇಳದಿಂದ ಹಾರ್ಮೋನಿಯಮ್ಮನ್ನು ತೆಗೆದುಬಿಟ್ಟರೆ ಉಳಿಯುವುದೇನು? ಕಡಕೋಳದ ಮಡಿವಾಳಪ್ಪನವರ ತತ್ತ್ವಪದಗಳನ್ನು ಹಾಡುವವರು ದಮ್ಮಡಿ, ಏಕತಾರಿಗಳ ಜೊತೆಯಲ್ಲಿ ಆ ಪೆಟ್ಟಿಗೆಯನ್ನೂ ಬಗಲಿಗೆ ಹಾಕಿಕೊಂಡೇ ಊರೂರು ತಿರುಗುವವರು. ವಾದ್ಯಕ್ಕೆ ಪ್ರವೇಶವಿಲ್ಲವೆಂದರೆ ವಾದ್ಯಗಾರನಿಗೂ ಇಲ್ಲವೆಂದೇ ಅರ್ಥವಾಯಿತಲ್ಲವೆ?

ಹಳ್ಳಿಗಳ ವಿಷಯಕ್ಕೆ ಬರೋಣ. ಬ್ಯಾಟರಿಯ ಖರ್ಚು, ಲೈಸೆನ್ಸಿನ ಖರ್ಚು ಎರಡೂ ಸೇರಿ ಸಾಮಾನ್ಯ ರೈತನಿಗೆ ರೇಡಿಯೋವು ಎಟುಕುತ್ತಿರಲಿಲ್ಲ. ಆದುದರಿಂದ ಪಂಚಾಯತಿಯ ಕಟ್ಟಡದಲ್ಲಿ ಒಂದು ರೇಡಿಯೋವನ್ನಿಟ್ಟು, ಸಂಜೆ ಊರಿಗೆಲ್ಲ ಕೇಳುವಂತೆ ಹಚ್ಚುವ ಪದ್ಧತಿಯು ಬಂದಿತು. ಕೀಲಿಕೈ ಯಾರಲ್ಲಿದೆಯೋ ಅವರ ಮರ್ಜಿಯಂತೆ ಅದು ಮಾತನಾಡುತ್ತಿದ್ದುದೂ ಉಂಟು. 1956ರಲ್ಲಿ ಪುಣೆಯ ಸುತ್ತಲಿನ ಐದು ಜಿಲ್ಲೆಗಳ 150 ಹಳ್ಳಿಗಳಲ್ಲಿ ಯುನೆಸ್ಕೋ ಸಂಸ್ಥೆಯ ಸಹಾಯದಿಂದ ಒಂದು ಪ್ರಯೋಗ ನಡೆಯಿತು. ಊರಿನ ಹತ್ತಿಪ್ಪತ್ತು ಮಂದಿ ಒಂದೆಡೆ ಕುಳಿತು ಕಾರ್ಯಕ್ರಮವನ್ನು ಕೇಳುವುದು, ಕೇಳಿದುದನ್ನು ಕುರಿತು ಚರ್ಚಿಸುವುದು, ತೀರ್ಮಾನವನ್ನೂ ಸಂಶಯಗಳನ್ನೂ ಕೇಂದ್ರಕ್ಕೆ ಬರೆದು ಕಳುಹಿಸುವುದು, ಮುಂದಿನ ಕಾರ್ಯಕ್ರಮದಲ್ಲಿ ಕೇಂದ್ರವು ಅದಕ್ಕೆ ಉತ್ತರ ಕೊಡುವುದು. ಕೆನಡಾ ದೇಶದ ರೈತರ ಕೂಟಗಳೇ ಇದಕ್ಕೆ ಮಾದರಿ. ಫಲಿತಾಂಶವು ಎಷ್ಟು ಚೆನ್ನಾಗಿದ್ದಿತೆಂದರೆ 1959ರಿಂದ ಅದನ್ನು ದೇಶಕ್ಕೆಲ್ಲ ಹಬ್ಬಿಸಿದರು. ಮುಂದೆ ತಂಜಾವೂರಿನ ರೈತರು ಬಾನುಲಿಯಲ್ಲಿ ಕೇಳಿ ಬಿತ್ತಿದ ಹೊಸ ಭತ್ತದ ತಳಿಗೆ ‘ರೇಡಿಯೋ ಭತ್ತ’ ಎಂದೇ ಹೆಸರಿಟ್ಟರು. ಇಡೀ ಬಾನುಲಿಯ ಚರಿತ್ರೆಯಲ್ಲಿ ನಮಗೆ ಅತ್ಯಂತ ಪ್ರಿಯವಾದ ಸಂಗತಿ ಇದು. ಏಕೆಂದರೆ ಕೇಳುವವನು ಬರಿಯ ಕಿವಿಯಾಗಿರದೆ ಬಾಯಿಯೂ ಆದನು.

ಕಲಬುರಗಿಯ ಆಕಾಶವಾಣಿ ಕೇಂದ್ರವು ಆರಂಭವಾದುದು 1966ರ ನವೆಂಬರ್ 11ರಂದು. ಕನ್ನಡ ನಾಡುಗಳು ಒಂದಾದ ಹತ್ತು ವರ್ಷಗಳ ಮೇಲೆ ಹತ್ತು ದಿನ! ಅಲ್ಲಿಯವರೆಗೆ ಸುಲೇಪೇಟದ ಮನೆಗಳಲ್ಲಿ ಹೈದರಾಬಾದ, ಧಾರವಾಡ, ಬೆಂಗಳೂರು ಮುಂತಾದ ಕೇಂದ್ರಗಳ ನಡುವೆ ಮುಳ್ಳು ಓಡಾಡುವುದು ಸಹಜವಾಗಿತ್ತು. ಬೆಂಗಳೂರಿನ ಕನ್ನಡವು ಕನ್ನಡವೇ, ಧಾರವಾಡದ್ದು ಇನ್ನೂ ಹತ್ತಿರ. ಆದರೆ ‘ಏನ್ ಮಾಡ್ಲತ್ತೀರಿ’ ಎಂದು ಕೇಳುವ ದನಿಯು ಪೆಟ್ಟಿಗೆಯೊಳಗಿಂದ ಬಂದ ದಿನ ಕೇಳಿದವರ ಮುಖದಲ್ಲಿ ಮೂಡುವ ನಗೆಯೇ ಬೇರೆ. ರೈತರ ಕಾರ್ಯಕ್ರಮದಲ್ಲಿ ಹಳೆಯ ಮೈಸೂರಿನ ರಾಗಿ ಭತ್ತಗಳ ಮಾತಿಗೆ ಬದಲಾಗಿ ತೊಗರಿಯ ಮಾತು, ಅದರ ಕಾಯಿಕೊರಕ ಹುಳುವಿನ ಮಾತು, ಹಿಂಗಾರಿ ಜೋಳದ ಮಾತು. ಬೀಸುವ ಪದ, ಗೀಗೀ ಪದ, ಮೊಹರಮ್ಮಿನ ರಿವಾಯತು—ಇವೆಲ್ಲ ಜಾತ್ರೆಯ ಬಯಲಿನಿಂದ ಸ್ಟುಡಿಯೋದ ಒಳಗೆ ಬಂದವು. ಕನ್ನಡದ ಜೊತೆಗೆ ಇಲ್ಲಿಯ ಉರ್ದುವಿಗೂ ಸ್ಥಾನವಿದ್ದಿತು. ಒಂದು ಕಾಲಕ್ಕೆ ಅರಸನ ಭಾಷೆಯಾಗಿ ಬಂದುದು ಈಗ ನೆರೆಯವರ ಭಾಷೆಯಾಗಿ ಬಂದುದು ನಮಗೆ ಸಂತೋಷದ ವಿಷಯ.

ಇಷ್ಟರಲ್ಲಿ ಟ್ರಾನ್ಸಿಸ್ಟರು ಬಂದಿತು. ಅಮೆರಿಕದಲ್ಲಿ 1954ರಲ್ಲಿ ಮೊದಲು ಮಾರಾಟಕ್ಕೆ ಬಂದ ಈ ಅಂಗೈ ರೇಡಿಯೋವು ಹದಿನೈದಿಪ್ಪತ್ತು ವರ್ಷಗಳಲ್ಲಿ ನಮ್ಮ ಹೊಲದ ಬದುವಿಗೂ ಬಂದು ತಲುಪಿತು. ಯಜಮಾನರ ಕುರ್ಚಿಯ ಬಳಿಯ ದೊಡ್ಡ ಪೆಟ್ಟಿಗೆಗೆ ಹೊದಿಸಿದ್ದ ಕಸೂತಿಯ ಬಟ್ಟೆ ಅಲ್ಲಿಯೇ ಉಳಿಯಿತು. ರೇಡಿಯೋವು ಎದ್ದು ಅಡಿಗೆಮನೆಗೆ, ಹಿತ್ತಿಲಿಗೆ, ಎಮ್ಮೆಯ ಕೊರಳ ಸನಿಹಕ್ಕೆ ಹೋಯಿತು. ಮನೆಯವರೆಲ್ಲ ಒಂದನ್ನೇ ಕೇಳುತ್ತಿದ್ದ ಕಾಲವು ಹೋಗಿ ಒಬ್ಬೊಬ್ಬರು ಒಂದೊಂದನ್ನು ಕೇಳತೊಡಗಿದರು. 1969ರಲ್ಲಿ ಯುವವಾಣಿಯು ಆರಂಭವಾದುದು ಈ ಬದಲಾವಣೆಯನ್ನು ಅರಿತುಕೊಂಡುದರ ಗುರುತು. ಕೋರಿಕೆಯ ಗೀತೆಗಳು ಬಂದವು, ಕಾರ್ಡುಗಳ ಮಳೆ ಸುರಿಯಿತು; ಉತ್ತರದ ಝುಮ್ರಿ ತಲೈಯಾ ಎಂಬ ಗಣಿಗಳ ಊರು ಕೋರಿಕೆಯ ಕಾಗದಗಳಿಂದಲೇ ದೇಶಪ್ರಸಿದ್ಧವಾಯಿತು. ಇದನ್ನು ಹುಡುಗಾಟವೆಂದು ನಗುವವರಿದ್ದಾರೆ. ನಾವು ನಗುವುದಿಲ್ಲ. ಭೂಪಟದಲ್ಲಿ ಚುಕ್ಕೆಯಾಗಿಯೂ ಕಾಣದ ಊರಿನ ಹೆಸರನ್ನು ಆಕಾಶದಿಂದ ಒಮ್ಮೆ ಕೇಳಬೇಕೆಂಬ ಆಸೆಯು ಸಣ್ಣ ಆಸೆಯೇನಲ್ಲ.

ದೂರದರ್ಶನವು ಬಂದ ಮೇಲಿನ ಸಂಗತಿಯನ್ನು ಬೇಗ ಮುಗಿಸಬಹುದು. 1980ರ ದಶಕದ ಮಧ್ಯದಲ್ಲಿ ರೇಡಿಯೋದ ಲೈಸೆನ್ಸು ರದ್ದಾಯಿತು. ಜನರ ಕಣ್ಣು ಚಿತ್ರದ ಕಡೆಗೆ ಹೊರಳಿತು. 2001ರ ಜುಲೈ 3ರಂದು ಬೆಂಗಳೂರಿನಲ್ಲಿ ದೇಶದ ಮೊದಲನೆಯ ಖಾಸಗಿ ಎಫ್.ಎಂ. ಕೇಂದ್ರವು ಆರಂಭವಾಗಿ, ಹರಟೆ ಮತ್ತು ಚಿತ್ರಗೀತೆಗಳ ಹೊಸ ಬಗೆಯನ್ನು ತಂದಿತು. ಅದರಲ್ಲಿ ಒಂದು ಹೊತ್ತಿಗೂ ಇನ್ನೊಂದು ಹೊತ್ತಿಗೂ ಭೇದವು ಕಡಿಮೆ. ಬೆಳಿಗ್ಗೆ ಹಚ್ಚಿದರೂ ಅದೇ ನಗೆ, ರಾತ್ರಿ ಹಚ್ಚಿದರೂ ಅದೇ ನಗೆ. ಇಂತಹ ಕೇಂದ್ರಗಳಿಗೆ ಸ್ವಂತ ವಾರ್ತೆಯನ್ನು ಪ್ರಸಾರಮಾಡಲು ಅನುಮತಿಯಿಲ್ಲ, ಆಕಾಶವಾಣಿಯ ವಾರ್ತೆಯನ್ನು ಮಾತ್ರ ಮರುಪ್ರಸಾರ ಮಾಡಬಹುದು. ಈಗ ಕೈಯಲ್ಲಿಯ ಮೊಬೈಲಿನಲ್ಲಿ ಯಾವ ಊರಿನ ಆಕಾಶವಾಣಿಯನ್ನಾದರೂ ಕೇಳಬಹುದಾಗಿದೆ. ರಾತ್ರಿಯಾಗುವುದನ್ನು ಕಾಯಬೇಕಿಲ್ಲ, ಮಾಳಿಗೆಯ ಮೇಲೆ ಹತ್ತಬೇಕಿಲ್ಲ. ದುಬೈಯಲ್ಲಿ ದುಡಿಯುವ ಚಿಂಚೋಳಿಯ ಹುಡುಗನಿಗೂ ಕಲಬುರಗಿಯ ದನಿ ಎಟುಕುತ್ತದೆ.

ಹೀಗೆ ಎಲ್ಲವೂ ಎಲ್ಲರಿಗೂ ಕೇಳಿಸುವಂತಾದ ಮೇಲೆ ಕೆಲವರು ಒಂದು ತರ್ಕವನ್ನು ಹೂಡುತ್ತಾರೆ. ರಾಜಧಾನಿಯಲ್ಲಿ ಸಿದ್ಧವಾದ ಕಾರ್ಯಕ್ರಮವನ್ನೇ ಎಲ್ಲ ಜಿಲ್ಲೆಗಳೂ ಮರುಪ್ರಸಾರ ಮಾಡಿದರೆ ಖರ್ಚು ಕಡಿಮೆಯಲ್ಲವೆ, ಪ್ರತಿಯೊಂದು ಊರಿನಲ್ಲಿಯೂ ಸ್ಟುಡಿಯೋ, ಕಲಾವಿದರು, ಸಿಬ್ಬಂದಿ ಏಕೆ ಎಂದು. ಲೆಕ್ಕದ ಪುಸ್ತಕದಲ್ಲಿ ಇದು ಸರಿಯಾಗಿಯೇ ಇದೆ. ಆದರೆ 1930ರಲ್ಲಿ ಬಾಗಿಲು ಹಾಕಿದ ಕಂಪನಿಯವರ ಲೆಕ್ಕದಲ್ಲಿಯೂ ಕೂಡಿಸುವ ಕಳೆಯುವ ತಪ್ಪುಗಳಿರಲಿಲ್ಲ. ಬೆಂಗಳೂರಿನಲ್ಲಿ ಕುಳಿತವರಿಗೆ ಕಾಗಿಣಾ ನದಿಯಲ್ಲಿ ನೀರೇರಿದ ರಾತ್ರಿ ಯಾವ ಸೇತುವೆ ಮುಳುಗಿದೆಯೆಂಬುದು ತಿಳಿಯುವುದು ಬೆಳಗಾದ ಮೇಲೆ. ತೊಗರಿ ಹೂಬಿಟ್ಟ ವಾರದಲ್ಲಿ ಮೋಡ ಕವಿದರೆ ರೈತನ ಎದೆ ಏಕೆ ಡವಗುಟ್ಟುವುದೆಂಬುದು ತಿಳಿಯುವುದೇ ಇಲ್ಲ. ಸ್ವಂತ ಕೇಂದ್ರವಿಲ್ಲದೆ ಮೂವತ್ತು ವರ್ಷ ಪರರ ದನಿಗೆ ಕಿವಿಗೊಟ್ಟ ಸೀಮೆಯವರು, ಇದ್ದ ಕೇಂದ್ರದ ಗಂಟೆಗಳನ್ನು ಸುಮ್ಮನೆ ಬಿಟ್ಟುಕೊಡಬಾರದೆಂಬುದು ನಮ್ಮ ದೃಢವಾದ ಅಭಿಪ್ರಾಯ.

ದೊಡ್ಡವರು ಕೈಬಿಟ್ಟರೆ ಸಣ್ಣದನ್ನು ಕಟ್ಟಿಕೊಳ್ಳುವ ದಾರಿಯೂ ಒಂದಿದೆ. ಕೋಲಾರ ಜಿಲ್ಲೆಯ ಬೂದಿಕೋಟೆಯಲ್ಲಿ 2001ರಲ್ಲಿಯೇ ಹಳ್ಳಿಯ ಹೆಂಗಸರು ಮುಂತಾದವರು ಸೇರಿ ‘ನಮ್ಮ ಧ್ವನಿ’ ಎಂಬ ಹೆಸರಿನಿಂದ ಟಿ.ವಿ. ಕೇಬಲಿನ ಮೂಲಕ ತಮ್ಮ ಕಾರ್ಯಕ್ರಮಗಳನ್ನು ಮನೆಮನೆಗೆ ಹರಿಸಿದರು. 2006ರಲ್ಲಿ ಕೇಂದ್ರಸರ್ಕಾರವು ಸ್ವಯಂಸೇವಾ ಸಂಸ್ಥೆಗಳಿಗೂ ಸಮುದಾಯ ರೇಡಿಯೋವನ್ನು ತೆರೆಯಲು ಅನುಮತಿ ಕೊಟ್ಟಿತು. ವಿದ್ಯಾಸಂಸ್ಥೆಗಳಿಗೂ ಕೃಷಿ ವಿಜ್ಞಾನ ಕೇಂದ್ರಗಳಿಗೂ ಆ ಅವಕಾಶವಿದೆ. ಅದರ ಶಕ್ತಿಯು 100 ವಾಟ್, ಕೇಳಿಸುವುದು ಹತ್ತು ಹದಿನೈದು ಕಿಲೋಮೀಟರಿನ ಸುತ್ತು. ಗೋಪಾಲಸ್ವಾಮಿಯವರ 30 ವಾಟಿನ ಯಂತ್ರವನ್ನು ನೆನೆದರೆ ಇದು ಧಾರಾಳವೇ ಸರಿ. ಸುಲೇಪೇಟ ಮತ್ತು ಅದರ ಸುತ್ತಲಿನ ಹಳ್ಳಿಗಳಿಗೆ ಅಷ್ಟು ಸಾಕು.

ಸದ್ಯಕ್ಕೆ ಮನೆಯವರು ಮಾಡಬಹುದಾದ ಕೆಲಸವೊಂದನ್ನು ಹೇಳಿ ಲೇಖನಿಯನ್ನು ಕೆಳಗಿಡುತ್ತೇವೆ. ಆಕಾಶವಾಣಿಯ ಕೇಂದ್ರಗಳು ಶಾಸ್ತ್ರೀಯ ಸಂಗೀತಕ್ಕೆ ಮಾತ್ರವಲ್ಲದೆ ಜಾನಪದ ಗೀತೆಗಳಿಗೂ ಧ್ವನಿಪರೀಕ್ಷೆಯನ್ನು ನಡೆಸುತ್ತವೆ. ಅರ್ಜಿಯನ್ನು ಕೇಂದ್ರದಿಂದ ಪಡೆಯಬಹುದು. ಅಕ್ಷರ ಬಾರದವರಿಗೂ ಇದರಲ್ಲಿ ಅಡ್ಡಿಯಿಲ್ಲ, ಪದ ಬಂದರೆ ಸಾಕು. ಹಿಟ್ಟಿನ ಗಿರಣಿ ಬಂದ ಮೇಲೆ ಬೀಸುವ ಕಲ್ಲು ಹಿತ್ತಿಲಿಗೆ ಹೋಯಿತು, ಅದರೊಡನೆ ಬೀಸುವ ಪದವೂ ಮೂಲೆ ಸೇರಿತು. ಅವುಗಳನ್ನು ಬಲ್ಲ ಅತ್ತೆಯೋ ಅಜ್ಜಿಯೋ ಮನೆಯಲ್ಲಿದ್ದರೆ ಅವರ ಪರವಾಗಿ ಅರ್ಜಿಯನ್ನು ತುಂಬಿ, ಕಲಬುರಗಿಯ ಬಸ್ಸಿನಲ್ಲಿ ಕಿಟಕಿಯ ಪಕ್ಕದ ಸೀಟು ಹಿಡಿದು ಕೂರಿಸಿ ಕರೆದುಕೊಂಡು ಹೋಗಬೇಕಾದವರು ಮೊಮ್ಮಕ್ಕಳು.